ಲೂಡೀನ್ ಮಾಡಿದ ಆಲೂಗಡ್ಡೆ

ನನ್ನ ತಮ್ಮ ಡೆಲ್ಮಾರ್ ಇನ್ನೂ ಉಸಿರಾಡುತ್ತಿರುವಾಗಲೇ ಅವನ ಸಾವಿನೂಟದ ಆಲೂಗಡ್ಡೆ ಅವನ ಮನೆಗೆ ಬಂದು ಕೂತಿತ್ತು. ಒಂದಲ್ಲ, ಮೂರು ಟ್ರೇ. ಅಡುಗೆಮನೆಯ ಕಟ್ಟೆಯ ಮೇಲೆ ಸಾಲಾಗಿ, ಮೇಲೊಂದು ಬೆಳ್ಳಿ ಬಣ್ಣದ ಹಾಳೆ ಹೊದ್ದು.

ನಮ್ಮ ಸ್ಯಾನ್‌ಪೀಟ್ ಕಣಿವೆಯಲ್ಲಿ ಸಾವಾದ ಮನೆಯವರು ಅಡುಗೆ ಮಾಡುವುದಿಲ್ಲ. ಚರ್ಚಿನ ಸಭೆಯ ಹೆಂಗಸರೇ ಮಾಡಿ ತರುತ್ತಾರೆ. ಹ್ಯಾಮ್ ತರುತ್ತಾರೆ, ಕ್ಯಾರೆಟ್ ತುರಿ ಹಾಕಿದ ಹಸಿರು ಜೆಲ್ಲಿ ತರುತ್ತಾರೆ. ಅವೆರಡೂ ಇಲ್ಲದಿದ್ದರೂ ಹೇಗೋ ನಡೆದೀತು, ಆಲೂಗಡ್ಡೆ ಇಲ್ಲದೆ ಯಾರನ್ನೂ ಮಣ್ಣು ಮಾಡಿದ್ದು ನಾನು ಕಂಡಿಲ್ಲ. ತುರಿದ ಆಲೂಗಡ್ಡೆಗೆ ಹುಳಿ ಕೆನೆ, ಚೀಸ್, ಡಬ್ಬಿಯಲ್ಲಿ ಬರುವ ಗಟ್ಟಿ ಕೋಳಿ ಸೂಪು ಕಲಸಿ, ಮೇಲೆ ಬೆಣ್ಣೆಯಲ್ಲಿ ಹೊರಳಿಸಿದ ಕಾರ್ನ್‌ಫ್ಲೇಕ್ಸ್ ಉದುರಿಸಿ, ಅಂಚಿನಲ್ಲಿ ಗುಳ್ಳೆ ಏಳುವವರೆಗೆ ಓವನ್ನಿನಲ್ಲಿ ಬೇಯಿಸುವುದು. ಆ ಸೂಪು ಡಬ್ಬಿಯಿಂದ ಜಾರಿ ಬೀಳುವ ಶಬ್ದ ಕೇಳಿದರೆ ಈ ವಯಸ್ಸಿನಲ್ಲೂ ನಾನು ಮುಖ ತಿರುಗಿಸಿಕೊಳ್ಳುತ್ತೇನೆ. ಪಾತ್ರೆಗೆ ಬಿದ್ದ ಮೇಲೂ ಡಬ್ಬಿಯ ಆಕಾರದಲ್ಲೇ ನಿಂತು ನಡುಗುತ್ತಿರುತ್ತದೆ.

ಟ್ರೇಗಳು ಬಂದದ್ದು ಲೂಡೀನಳ ಆತುರದಿಂದ. ಲೂಡೀನ್ ನಮ್ಮ ಸಭೆಯ ಮಹಿಳಾ ಸಂಘದ ಮುಂದಾಳು, ಡೆಲ್ಮಾರನ ಮನೆಯ ಎದುರಿಗೇ ಇರುವವಳು. ಯಾರ ಮನೆಯಲ್ಲಿ ಯಾರು ಕೆಮ್ಮಿದರೂ ಅವಳ ಕಿಟಕಿಯ ಪರದೆ ಅಲುಗಾಡುತ್ತದೆ. ಡೆಲ್ಮಾರನಿಗೆ ಎದೆನೋವು ಬಂದು ಪ್ರೋವೊದ ಆಸ್ಪತ್ರೆಗೆ ಕರೆದೊಯ್ದ ದಿನ ಆಂಬುಲೆನ್ಸ್ ಸದ್ದು ಮಾಡದೆ ನಿಧಾನವಾಗಿ ಹೋಯಿತಂತೆ, ಹಿಂದೆಯೇ ಬಿಷಪ್ಪರ ಕಾರು ಇನ್ನೂ ನಿಧಾನವಾಗಿ ಹೋಯಿತಂತೆ. ರಸ್ತೆಯ ಮೇಲೆ ಹಿಮ ಗಟ್ಟಿಯಾಗಿ ಗಾಜಿನ ಹಾಗಾಗಿತ್ತು, ಎದುರಿಗೆ ಒಂದು ನರಪಿಳ್ಳೆಯೂ ಇರಲಿಲ್ಲ, ಯಾರಿಗೆ ಅಂತ ಸದ್ದು ಮಾಡಬೇಕು? ಆದರೆ ಲೂಡೀನ್‌ಗೆ ಅಷ್ಟೇ ಸಾಕಾಯಿತು. ಅವನು ಸತ್ತನೆಂದೇ ತೀರ್ಮಾನಿಸಿ, ಕಣ್ಣೊರೆಸಿಕೊಂಡು ಇಬ್ಬರು ಗೆಳತಿಯರಿಗೆ ಫೋನ್ ಮಾಡಿ, ಫ್ರೀಜರಿನಲ್ಲಿ ಯಾರ ಸಾವಿಗೋ ಎಂದು ತಯಾರಾಗಿ ಕಾಯುತ್ತಿದ್ದ ಟ್ರೇಯನ್ನು ಹೊರಗೆ ತೆಗೆದಳು.

ಮರುದಿನ ಮಧ್ಯಾಹ್ನ ಡೆಲ್ಮಾರನನ್ನು ಜೀವಂತವಾಗಿ ಮನೆಗೆ ತಂದರು. ಇನ್ನು ಮಾಡುವುದು ಏನೂ ಇಲ್ಲ, ಮನೆಯಲ್ಲೇ ಇರಲಿ ಎಂದು ಡಾಕ್ಟರು ಕೈಚೆಲ್ಲಿದ್ದರು. ಆಸರೆಗೆ ಇರಲೆಂದು ನಾನೂ ನನ್ನ ಮನೆಗೆ ಬೀಗ ಹಾಕಿ ಬಂದಿದ್ದೆ. ಸ್ಟ್ರೆಚರ್ ಬಾಗಿಲು ದಾಟುತ್ತಿದ್ದ ಹಾಗೆಯೇ ಅವನು ಮೂಗು ಅರಳಿಸಿದ.

"ಯಾರ್ ಸತ್ರು?" ಅಂತ ಕೇಳಿದ.

"ಇನ್ನೂ ಯಾರೂ ಇಲ್ಲ" ಅಂದೆ.

ಅವನಿಗೆ ಅರ್ಥವಾಯಿತು. ಬೇರೆ ಯಾರಾದರೂ ಆಗಿದ್ದರೆ ಎದೆ ಒಡೆದುಕೊಳ್ಳುತ್ತಿದ್ದರು. ಇವನು ನಾಲಿಗೆಯಿಂದ ತುಟಿ ಸವರಿಕೊಂಡ. "ನನಗೆ ಅಂತ ತಂದಿದ್ದು ತಾನೆ? ಬಿಸಿ ಮಾಡ್ಕೊಂಡು ಬನ್ನಿ. ನಾನ್ ಹೋದ್ಮೇಲೆ ಊರವರು ತಿನ್ನೋದನ್ನ ನಾನೇ ಯಾಕೆ ತಿನ್ನಬಾರದು?"

ಒಡಹುಟ್ಟಿದವನನ್ನು ಹಳಿಯಬಾರದು ಅನ್ನುತ್ತಾರೆ. ಹಳಿಯದೆ ಇರಲು ಅವನು ಒಂದಾದರೂ ಕಾರಣ ಕೊಡಬೇಕಿತ್ತು. ಡೆಲ್ಮಾರ್ ಊರಿಗೆ ಉಪಕಾರಿ, ಮನೆಗೆ ಮಾರಿ. ಟರ್ಕಿ ಕೋಳಿ ಸಾಕಿ ಬದುಕಿದವನು. ಯಾರ ಶೆಡ್ಡಿನ ಛಾವಣಿ ಕುಸಿದರೂ ಏಣಿ ಹೊತ್ತು ಮೊದಲು ಹೋಗುತ್ತಿದ್ದವನು ಇವನೇ. ಅದೇ ಮನುಷ್ಯ ಊಟದ ಮೇಜಿಗೆ ಕೂತನೆಂದರೆ ನನಗೆ ಎದ್ದು ಹೋಗೋಣ ಅನ್ನಿಸುತ್ತಿತ್ತು. ಹೆಂಡತಿ ಆರ್ವೆಲ್ಲಾ ಬಡಿಸಿದ್ದನ್ನು ಮೊದಲು ಫೋರ್ಕಿನಿಂದ ಕೆದಕುವನು. ಸತ್ತ ಇಲಿಯನ್ನು ಕಡ್ಡಿಯಿಂದ ಮಗುಚಿ ನೋಡುವಂತೆ ನೋಡುವನು. ಒಂದು ತುತ್ತು ಬಾಯಿಗಿಟ್ಟು, ಅಗಿದು, ಮುಖ ಕಿವುಚಿ, ನೆಂಟರು ಕೂತಿರುವಾಗಲೇ ಅರ್ಧ ಅಗಿದದ್ದನ್ನು ತಟ್ಟೆಯ ಅಂಚಿಗೆ ಉಗಿಯುವನು. ಆಮೇಲೆ ಒಂದೇ ಮಾತು: "ಅಮ್ಮ ಮಾಡಿದ ಹಾಗಿಲ್ಲ."

ಅಮ್ಮನ ಅಡುಗೆ ಹೇಗಿತ್ತೆಂದು ನನಗೂ ಗೊತ್ತು. ಅವನಿಗಿಂತ ಮೊದಲು ಹುಟ್ಟಿ, ಅವನಿಗಿಂತ ಹೆಚ್ಚು ತಿಂದವಳು ನಾನು. ದೇವರು ಅವಳ ಆತ್ಮಕ್ಕೆ ಶಾಂತಿ ಕೊಡಲಿ, ಅವಳಿಗೆ ಅಡುಗೆ ಬರುತ್ತಿರಲಿಲ್ಲ. ಅವಳ ಆಲೂಗಡ್ಡೆ ತಳದಲ್ಲಿ ಸೀದು, ನಡುವೆ ಹಸಿಯಾಗಿ, ಮೇಲೆ ಎಣ್ಣೆ ತೇಲುತ್ತಿತ್ತು. ಆಗೆಲ್ಲ ಡೆಲ್ಮಾರನೂ ಅದನ್ನು ಕರವಸ್ತ್ರದಲ್ಲಿ ಕಟ್ಟಿಕೊಂಡು ಹೋಗಿ ಕೋಳಿಗೆ ಹಾಕುತ್ತಿದ್ದ. ಅಮ್ಮ ಸತ್ತ ಮೇಲೆ ಅದು ಅಮೃತವಾಯಿತು. ಇದನ್ನು ನಾನು ಅವನ ಮುಖಕ್ಕೇ ಹೇಳಿದ್ದೆ. "ನಿನಗೆ ಮರೆವು ಅಕ್ಕ" ಅಂದಿದ್ದ.

ಅಂದು ಆರ್ವೆಲ್ಲಾ ಮೂರೂ ಟ್ರೇಗಳಿಂದ ಒಂದೊಂದು ಸೌಟು ಬಿಸಿ ಮಾಡಿ ತಟ್ಟೆಗೆ ಹಾಕಿಕೊಟ್ಟಳು. ಕಿಟಕಿಯ ಪಕ್ಕ ಬಾಡಿಗೆಗೆ ತಂದು ಹಾಕಿದ ಆಸ್ಪತ್ರೆ ಮಂಚದಲ್ಲಿ ದಿಂಬಿಗೆ ಒರಗಿ ಅವನು ತೀರ್ಪು ಕೊಡತೊಡಗಿದ. ಒಂದು ಗಂಜಿಯಂತಿದೆ. ಇನ್ನೊಂದರಲ್ಲಿ ಚೀಸ್ ಹಾಕಲು ಜಿಪುಣತನ ಮಾಡಿದ್ದಾರೆ. ಮೂರನೆಯದು, ಅದು ಲೂಡೀನಳದು, ಫ್ರೀಜರಿನ ವಾಸನೆ ಹೊಡೆಯುತ್ತಿದೆ. ಗಲ್ಲದ ಮೇಲೆ ಕೆನೆ ಇಳಿಯುತ್ತಿತ್ತು, ಅದನ್ನು ತೋಳಿನಿಂದ ಒರೆಸಿಕೊಳ್ಳುತ್ತಿದ್ದ. ಸಾಯುವವನ ಮೇಲೆ ಕನಿಕರ ಬರಬೇಕು. ನನಗೆ ಬಂದದ್ದು ವಾಕರಿಕೆ. ನಾನು ಉಳಿದದ್ದನ್ನೆಲ್ಲ ಬಕೆಟ್ಟಿಗೆ ಸುರಿದು ಟ್ರೇಗಳನ್ನು ತೊಳೆಯಲು ಅಡುಗೆಮನೆಗೆ ಹೋದೆ.

ಅಲ್ಲಿಗೆ ಬಂದ ಆರ್ವೆಲ್ಲಾ ಬಾಗಿಲು ಮುಂದೆ ಮಾಡಿದಳು.

"ಅತ್ತಿಗೆ, ಒಂದ್ಸಲ ನಾನು ಮಾಡ್ಲಾ?"

"ಏನು?"

"ಆಲೂಗಡ್ಡೆ. ನಮ್ಮಮ್ಮನ ಮನೇಲಿ ಮಾಡೋ ಥರ. ಅವರ ಅಮ್ಮನ ಥರ ಅಲ್ಲ."

"ಉಗಿಸ್ಕೊಳ್ಳೋ ಆಸೆ ಇನ್ನೂ ತೀರಿಲ್ವಾ ನಿನಗೆ?"

ಅವಳು ನೆಲ ನೋಡುತ್ತ ನಿಂತಳು. ಮೈಯಲ್ಲಿ ಹಿಡಿ ಮಾಂಸ ಇಲ್ಲದ ಹೆಂಗಸು. ಮಾತಾಡುವಾಗ ಏಪ್ರನ್ನಿನ ಅಂಚನ್ನು ಸುರುಳಿ ಸುತ್ತುವ ಅಭ್ಯಾಸ. "ಇಷ್ಟು ವರ್ಷ ಆಯ್ತು. ಒಂದು ಸಲ ಚೆನ್ನಾಗಿದೆ ಅಂದಿಲ್ಲ. ಕೇಕ್‌ಗಿಲ್ಲ, ಬ್ರೆಡ್‌ಗಿಲ್ಲ, ಯಾವುದಕ್ಕೂ ಇಲ್ಲ. ಇನ್ನು ಟೈಮೂ ಇಲ್ವಲ್ಲ ಅತ್ತಿಗೆ. ಹೋಗೋಕೆ ಮುಂಚೆ ಒಂದೇ ಒಂದ್ಸಲ ಅವರ ಬಾಯಲ್ಲಿ ಕೇಳ್ಬೇಕು."

ನನಗೆ ಮೈ ಉರಿಯಿತು. ತಮ್ಮನ ಮೇಲಷ್ಟೇ ಅಲ್ಲ, ಇವಳ ಮೇಲೂ. ಜೀವಮಾನವೆಲ್ಲ ಒದ್ದ ಕಾಲಿನಿಂದ ಕೊನೆಗೊಂದು ಸವರಿಕೆ ಬೇಡುವವಳನ್ನು ಏನೆನ್ನಬೇಕು? ಆ ಬಾಯಿಂದ ಬರುವ ಒಳ್ಳೆಯ ಮಾತು ಯಾವ ಸೀಮೆ ಸಂಪತ್ತು? ಆದರೂ ಬೇಡವೆನ್ನಲು ನನ್ನಿಂದಾಗಲಿಲ್ಲ.

ಸಂಜೆಯೇ ಅವಳು ಆಲೂಗಡ್ಡೆಯನ್ನು ಸಿಪ್ಪೆ ಸಮೇತ ಬೇಯಿಸಿ ಹಿತ್ತಿಲ ಬಾಗಿಲ ಆಚೆ ಚಳಿಯಲ್ಲಿಟ್ಟಳು. ಇಡೀ ರಾತ್ರಿ ತಣ್ಣಗಾದರೆ ಮಾತ್ರ ತುರಿದಾಗ ಎಳೆ ಎಳೆಯಾಗಿ ಬರುತ್ತದೆ, ಇಲ್ಲದಿದ್ದರೆ ಅಂಟಾಗುತ್ತದೆ ಎಂದಳು. ಬೆಳಗ್ಗೆ ಈರುಳ್ಳಿಯನ್ನು ಸಣ್ಣ ಉರಿಯಲ್ಲಿ, ಬಣ್ಣ ತಿರುಗದ ಹಾಗೆ, ಬೆಣ್ಣೆಯಲ್ಲಿ ಬಾಡಿಸಿದಳು. ಅದೇ ಬೆಣ್ಣೆಗೆ ಮೈದಾ ಹಾಕಿ, ಹಾಲು ಹೊಯ್ಯುತ್ತ, ಕೋಳಿ ಬೇಯಿಸಿದ ನೀರು ಹೊಯ್ಯುತ್ತ, ಸೂಪಿನ ಬದಲಿಗೆ ಗಂಟಿಲ್ಲದ ಗಟ್ಟಿ ಸಾಸು ಮಾಡಿಕೊಂಡಳು. ಡಬ್ಬಿ ತೆರೆಯಲೇ ಇಲ್ಲ. ನಮ್ಮ ಕಣಿವೆಯಲ್ಲಿ ಡಬ್ಬಿ ಇಲ್ಲದೆ ಇದನ್ನು ಮಾಡುವುದೆಂದರೆ ಜಂಬ ಅಂತಲೇ ಲೆಕ್ಕ. ನನಗೆ ಮಾತ್ರ ಆ ಅಡುಗೆಮನೆಯಲ್ಲಿ ನಿಂತು ಮೊದಲ ಸಲ ಹಸಿವಾಯಿತು.

ಟ್ರೇಗೆ ತುಂಬುವಾಗ ಅವಳು ನಾನು ತೊಳೆದಿಟ್ಟ ಲೂಡೀನಳ ಟ್ರೇಯನ್ನೇ ತೆಗೆದುಕೊಂಡಳು. ತಳಕ್ಕೆ ಅಂಟಿಸಿದ ಪಟ್ಟಿಯ ಮೇಲೆ ಲೂಡೀನಳ ಹೆಸರು ಹಾಗೇ ಇತ್ತು. ಟ್ರೇ ವಾಪಸ್ ಮನೆ ಸೇರಲಿ ಎಂದು ನಮ್ಮಲ್ಲಿ ಎಲ್ಲರೂ ಹೀಗೆ ಹೆಸರು ಅಂಟಿಸುತ್ತಾರೆ.

"ಇದು ಯಾಕೆ?" ಅಂದೆ.

"ನನ್ನದು ಅಂತ ಗೊತ್ತಾದ್ರೆ ತಟ್ಟೆ ನೋಡೋ ಮೊದಲೇ ಮುಖ ಕಿವುಚ್ತಾರೆ. ಮೊದ್ಲು ತಿನ್ನಲಿ. ಚೆನ್ನಾಗಿದೆ ಅಂದ ತಕ್ಷಣ ಹೇಳ್ತೀನಿ, ನಾನೇ ಮಾಡಿದ್ದು ಅಂತ."

ಅದರಲ್ಲಿ ನ್ಯಾಯವಿತ್ತು.

ತಟ್ಟೆ ಕೊಟ್ಟಾಗ ಡೆಲ್ಮಾರ್ ಎಂದಿನಂತೆ ಫೋರ್ಕಿನಿಂದ ಕೆದಕಿದ. ಮೇಲಿನ ಗರಿಗರಿ ಪದರ ಒಡೆದು ಹಬೆ ಬಂತು. ಒಂದು ತುತ್ತು ತಿಂದ. ಇನ್ನೊಂದು ತಿಂದ. ಆಮೇಲೆ ಮಾತಿಲ್ಲದೆ ತಟ್ಟೆ ಖಾಲಿ ಮಾಡಿ, ಬೆರಳಿನಿಂದ ಅಂಚು ಬಳಿದು ಆ ಬೆರಳನ್ನು ಚೀಪಿದ. ಆರ್ವೆಲ್ಲಾ ಮಂಚದ ಕಾಲ ಬಳಿ ಏಪ್ರನ್ ಸುತ್ತುತ್ತ ನಿಂತಿದ್ದಳು.

"ಇದು ಯಾರ್ ಮಾಡಿದ್ದು?"

"ಹೇಗಿದೆ?" ಅಂದಳು ಅವಳು.

"ಹೇಗಿದೆ ಅಂತ ಕೇಳ್ತೀಯಲ್ಲ. ಅಮ್ಮನ ಕೈ ಹಾಗೇ ಇದೆ. ಟ್ರೇ ತಗೊಂಡ್ ಬಾ, ನೋಡೋಣ." ಟ್ರೇ ಎತ್ತಿಸಿ, ಕತ್ತು ಬಗ್ಗಿಸಿ ತಳದ ಪಟ್ಟಿಯನ್ನು ತಾನೇ ಓದಿದ. "ಲೂಡೀನಾ? ಮೊನ್ನೆ ಹಳೇದು ಕಳಿಸಿ ನಾಚಿಕೆ ಆಗಿರ್ಬೇಕು, ಈಗ ಹೊಸದಾಗಿ ಮಾಡಿ ಕಳಿಸಿದಾಳೆ. ಹೆಂಗಸು ಅಂದ್ರೆ ಹೀಗಿರ್ಬೇಕು. ನೋಡು ಆರ್ವೆಲ್ಲಾ, ಈ ಮನೇಲಿ ನೆಟ್ಟಗೆ ಒಂದು ತುತ್ತು ತಿನ್ನೋಕೆ ನಾನು ಸಾಯೋವರ್ಗೂ ಕಾಯ್ಬೇಕಾಯ್ತು."

ಈಗ ಹೇಳುತ್ತಾಳೆ ಎಂದು ನಾನು ಕಾದೆ. ಅವಳು ತಟ್ಟೆ ತೆಗೆದುಕೊಂಡು ಒಳಗೆ ಹೋದಳು.

ನಾನು ಹಿಂದೆಯೇ ಹೋಗಿ ಅವಳ ಭುಜ ಹಿಡಿದು ತಿರುಗಿಸಿದೆ. "ಯಾಕೆ ಹೇಳ್ಲಿಲ್ಲ?"

"ಅಷ್ಟು ಖುಷಿಯಾಗಿದ್ರಲ್ಲ ಅತ್ತಿಗೆ. ಹೇಳಿದ್ರೆ ಹೋಗಿಬಿಡ್ತಿತ್ತು. ಹೋಗ್ಲಿ ಬಿಡಿ, ನನ್ನ ಕಿವಿಗೆ ಬಿತ್ತಲ್ಲ."

"ನಿನ್ನ ಕಿವಿಗೆ ಬಿದ್ದದ್ದು ಲೂಡೀನ್ ಹೆಸರು."

ಅವಳು ತಟ್ಟೆ ತೊಳೆಯತೊಡಗಿದಳು. ಹಿತ್ತಲ ಗಿಡ ಮದ್ದಲ್ಲ ಅನ್ನುತ್ತಾರೆ. ಇಲ್ಲಿ ಹಿತ್ತಲ ಗಿಡವೇ ಬೇಲಿ ದಾಟಿ ಹೋಗಿ, ಎದುರು ಮನೆಯ ಹೆಸರಿಟ್ಟುಕೊಂಡು ವಾಪಸ್ ಬಂದಿತ್ತು.

ಅಂದಿನಿಂದ ಅವನಿಗೆ ಬೇರೇನೂ ಸೇರದು. ಸೂಪು ಕೊಟ್ಟರೆ ಬೇಡ, ಗಂಜಿ ಕೊಟ್ಟರೆ ಬೇಡ, "ಲೂಡೀನ್ ಕಳಿಸಿದ್ದಾಳಾ?" ಎಂದೇ ಕೇಳುವನು. ಆರ್ವೆಲ್ಲಾ ದಿನವೂ ಸಂಜೆ ಬೇಯಿಸುವಳು, ಬೆಳಗ್ಗೆ ತುರಿಯುವಳು, ಲೂಡೀನ್ ಕಳಿಸಿದಳು ಎಂದು ಕೊಡುವಳು. ಅವನು ತಿನ್ನುತ್ತ ಲೂಡೀನಳನ್ನು ಹೊಗಳುವನು. ಇವಳು ನಿಂತು ಕೇಳುವಳು. ಆ ಹೊಗಳಿಕೆಯ ಎಂಜಲನ್ನು ಅವಳು ಅಷ್ಟು ಆಸೆಯಿಂದ ಹೆಕ್ಕಿಕೊಳ್ಳುವುದನ್ನು ನೋಡಲಾರದೆ ನಾನು ಆ ಹೊತ್ತಿಗೆ ಹಿಮ ಸರಿಸುವ ಸಲಿಕೆ ಹಿಡಿದು ಅಂಗಳಕ್ಕೆ ಹೋಗಿಬಿಡುತ್ತಿದ್ದೆ. ಅಂಗಳದಲ್ಲಿ ಸರಿಸಲು ಹಿಮವೇ ಉಳಿಯಲಿಲ್ಲ.

ಒಂದು ದಿನ ಅವನಿಗೆ ಲೂಡೀನಳನ್ನು ನೋಡಬೇಕೆನಿಸಿತು. ಕರೆಸಿ, ನನ್ನ ಬಾಯಾರೆ ಹೇಳಬೇಕು ಎಂದು ಹಠ ಹಿಡಿದ. ಆರ್ವೆಲ್ಲಾ ಬಿಳಿಚಿಕೊಂಡಳು. ನಾನು ಒಳಗೊಳಗೆ ಖುಷಿಪಟ್ಟೆ, ಇನ್ನು ಬಣ್ಣ ಬಯಲಾಗುತ್ತದೆ ಎಂದು. ನಾನೇ ರಸ್ತೆ ದಾಟಿ ಹೋಗಿ ಕರೆದುಕೊಂಡು ಬಂದೆ, ಯಾಕೆಂದು ಮಾತ್ರ ಹೇಳಲಿಲ್ಲ.

ಲೂಡೀನ್ ಭಾನುವಾರದ ಉಡುಪು ತೊಟ್ಟು, ಲಿಪ್‌ಸ್ಟಿಕ್ ಹಚ್ಚಿಕೊಂಡು ಬಂದಳು. ಬದುಕಿದ್ದವನ ಸಾವಿನೂಟ ಕಳಿಸಿದ್ದಕ್ಕೆ ಬೈಯಲು ಕರೆದಿದ್ದಾನೆಂದುಕೊಂಡಿದ್ದಳೋ ಏನೋ, ಕುರ್ಚಿಯ ತುದಿಯಲ್ಲಿ ಕೂತಳು. ಆರ್ವೆಲ್ಲಾ ಆ ದಿನದ ತಟ್ಟೆಯನ್ನು ಆಗಷ್ಟೇ ಗಂಡನ ಕೈಗೆ ಕೊಟ್ಟಿದ್ದಳು. ಅವನು ಅದನ್ನು ತೊಡೆಯ ಮೇಲಿಟ್ಟುಕೊಂಡು ಲೂಡೀನಳ ಕೈ ಹಿಡಿದುಕೊಂಡ. ಅವನ ಕಣ್ಣಲ್ಲಿ ನೀರು ಬಂತು. ಅಮ್ಮ ಸತ್ತಾಗಲೂ ನಾನು ಆ ಕಣ್ಣಲ್ಲಿ ನೀರು ನೋಡಿರಲಿಲ್ಲ.

"ನಿಮ್ಮ ಆಲೂಗಡ್ಡೆ ತಿಂದು ಇಷ್ಟು ದಿನ ಉಸಿರು ಹಿಡ್ಕೊಂಡಿದೀನಿ. ಎಂಥ ಕೈ ಅದು. ನಿಮ್ಮ ಯಜಮಾನರು ಪುಣ್ಯ ಮಾಡಿದಾರೆ. ನನ್ನ ಹಣೇಲಿ ಬರೆದಿರ್ಲಿಲ್ಲ, ಅಷ್ಟೆ."

ಲೂಡೀನ್ ತಟ್ಟೆ ನೋಡಿದಳು. ಆರ್ವೆಲ್ಲಾಳನ್ನು ನೋಡಿದಳು. ಆರ್ವೆಲ್ಲಾ ಕಣ್ಣಲ್ಲೇ ಬೇಡ ಎಂದು ಬೇಡಿಕೊಂಡಳು. ಅದನ್ನು ನಾನೂ ನೋಡಿದೆ. ಲೂಡೀನ್‌ಗೆ ಕ್ಷಣದಲ್ಲಿ ಎಲ್ಲ ತಿಳಿಯಿತು. ಸುಮ್ಮನೆ ತಲೆಯಾಡಿಸಿ ಎದ್ದು ಹೋಗಿದ್ದರೆ ಅವಳನ್ನು ಕ್ಷಮಿಸುತ್ತಿದ್ದೆ. ಆದರೆ ಅವಳ ಮುಖದ ಮೇಲೆ ನಿಧಾನವಾಗಿ ಒಂದು ನಗು ಹರಡಿತು.

"ನನ್ನದೇನಿದೆ ಬ್ರದರ್ ಡೆಲ್ಮಾರ್, ದೇವರು ಕೊಟ್ಟ ಕೈ" ಅಂದಳು. ಅಷ್ಟಕ್ಕೆ ನಿಲ್ಲಲಿಲ್ಲ. "ಬೆಣ್ಣೆಗೆ ಮಾತ್ರ ಕೈ ಹಿಂದೆ ತೆಗೀಬಾರದು ನೋಡಿ. ಅದನ್ನೇ ನಮ್ಮ ಆರ್ವೆಲ್ಲಾಗೂ ಹೇಳ್ತಿರ್ತೀನಿ."

ಸಭೆಯ ಹಿರಿಯಳು, ಪ್ರತಿ ಭಾನುವಾರ ಕಣ್ಣು ಮುಚ್ಚಿ ಸತ್ಯದ ಬಗ್ಗೆ ಮಾತಾಡುವವಳು. ಆ ಲಿಪ್‌ಸ್ಟಿಕ್ಕಿನ ಬಾಯಿ ಚಲಿಸುವುದನ್ನು ನೋಡುತ್ತ ನನಗೆ ಹೇಸಿಗೆಯಾಯಿತು. ಬಾಗಿಲವರೆಗೂ ಕಳಿಸಿಕೊಡುವ ಮರ್ಯಾದೆಯನ್ನೂ ನಾನು ಮಾಡಲಿಲ್ಲ.

ಅವಳು ಹೋದ ಮೇಲೆ ಡೆಲ್ಮಾರ್ ತಟ್ಟೆಗೆ ಕೈ ಹಾಕಿದ. ಬಾಯಿ ತುಂಬ ತುಂಬಿಕೊಂಡು, ಅಗಿಯುತ್ತಲೇ ಹೆಂಡತಿಯ ಕಡೆ ಫೋರ್ಕು ತೋರಿಸಿ, "ಕೇಳಿಸ್ಕೊಂಡ್ಯಾ? ಬೆಣ್ಣೆ ಅಂತೆ. ಇನ್ನಾದ್ರೂ ಕಲಿ" ಅಂದ.

ಆರ್ವೆಲ್ಲಾಳ ಕೈ ಏಪ್ರನ್ ಬಿಟ್ಟಿತು.

"ನಾನೇ ಮಾಡಿದ್ದು" ಅಂದಳು.

"ಏನು?"

"ಅದು. ನಿಮ್ಮ ಬಾಯಲ್ಲಿರೋದು. ಮೊದಲ್ನೇ ದಿನದ್ದೂ ನಾನೇ ಮಾಡಿದ್ದು, ನಿನ್ನೇದೂ ನಾನೇ. ಲೂಡೀನ್ ಏನೂ ಕಳಿಸಿಲ್ಲ. ಬೇಕಿದ್ರೆ ನಿಮ್ಮಕ್ಕನ್ನ ಕೇಳಿ."

ಅವನು ನನ್ನನ್ನು ನೋಡಿದ. "ಹೌದು" ಅಂದೆ. "ಡಬ್ಬಿ ಸೂಪೂ ಹಾಕಿಲ್ಲ. ಅಮ್ಮನ ಥರಾನೂ ಅಲ್ಲ."

ಡೆಲ್ಮಾರನ ದವಡೆ ನಿಂತಿತು. ಆರ್ವೆಲ್ಲಾ ಕತ್ತು ಮುಂದೆ ಚಾಚಿ, ಬಾಗಿಲ ಬಳಿ ಕಾಯುವ ನಾಯಿಯಂತೆ, ಅವನ ಬಾಯನ್ನೇ ನೋಡುತ್ತಿದ್ದಳು. ಇಷ್ಟು ದಿನ ಹೊಗಳಿದ್ದನ್ನು ಈಗ ನುಂಗಿಬಿಟ್ಟರೂ ಸಾಕಾಗಿತ್ತು ಅವಳಿಗೆ. ಮಾತೂ ಬೇಕಿರಲಿಲ್ಲ. ಅವನು ಕೆನ್ನೆ ಉಬ್ಬಿಸಿ, ಬಾಯಲ್ಲಿದ್ದುದನ್ನೆಲ್ಲ ಹೊದಿಕೆಯ ಮೇಲೆ ಉಗಿದ. ಆ ಹೊದಿಕೆ ಬಣ್ಣ ಬಣ್ಣದ ಬಟ್ಟೆ ತುಂಡು ಜೋಡಿಸಿ ಅವಳೇ ಹೊಲಿದದ್ದು.

"ಅದಕ್ಕೇ ಏನೋ ಒಂಥರಾ ಇತ್ತು" ಅಂದ.

ಅಗಿದ ಆಲೂಗಡ್ಡೆ ಹೊದಿಕೆಯ ನೀಲಿ ತುಂಡಿನ ಮೇಲೆ ಹಬೆಯಾಡುತ್ತ ಬಿದ್ದಿತ್ತು, ಅದರ ಸುತ್ತ ಜೊಲ್ಲು ಹರಡುತ್ತಿತ್ತು. ನಾನು ಬಟ್ಟೆ ತರಲು ಎದ್ದೆ. ಆರ್ವೆಲ್ಲಾ ನನ್ನನ್ನು ತಡೆದು ತಾನೇ ಹೋಗಿ ತಂದಳು. ಎಂದಿನಂತೆ ಬಗ್ಗಿ ಒರೆಸುತ್ತಾಳೆ ಎಂದುಕೊಂಡೆ. ಅವಳು ಆ ಎಂಜಲನ್ನು ಒಂದು ಗಳಿಗೆ ನೋಡಿದಳು. ಅವಳ ಮೂಗಿನ ಹೊಳ್ಳೆ ಅರಳಿ, ಮೇಲ್ದುಟಿ ಏರಿತು. ಇಷ್ಟು ವರ್ಷಗಳಲ್ಲಿ ಆ ಮುಖದ ಮೇಲೆ ಅಸಹ್ಯ ಕಂಡದ್ದು ಅದೇ ಮೊದಲು. ನನ್ನ ಮುಖದಲ್ಲಿ ಎಂದಿನಿಂದಲೋ ಇದ್ದದ್ದು ಈಗ ಅವಳ ಮುಖಕ್ಕೂ ಬಂದಿತ್ತು.

"ಒರೆಸ್ಕೊಳ್ಳಿ" ಅಂತ ಬಟ್ಟೆಯನ್ನು ಅವನ ಕೈಗೆ ಹಾಕಿದಳು. ಅವನ ತೊಡೆಯ ಮೇಲಿದ್ದ ತಟ್ಟೆ ಎತ್ತಿಕೊಂಡು ಲೂಡೀನ್ ಕೂತಿದ್ದ ಕುರ್ಚಿಯಲ್ಲಿ ಕೂತಳು. ಅವನು ಮುಟ್ಟದ ಬದಿಯಿಂದ, ಚಮಚದಲ್ಲಿ ತೆಗೆದು ತಿನ್ನತೊಡಗಿದಳು.

ಡೆಲ್ಮಾರ್ ನೋಡಿದ. ಬೆಳಗ್ಗೆಯಿಂದ ಹೊಟ್ಟೆಗೆ ಏನೂ ಬಿದ್ದಿರಲಿಲ್ಲ. ಕೈ ಚಾಚಿದ. "ತಾ ಇಲ್ಲಿ" ಅಂದ.

"ಇದು ನಾನು ಮಾಡಿದ್ದು."

"ಗೊತ್ತು. ತಾ."

"ಚೆನ್ನಾಗಿದೆ ಅನ್ನಿ, ಕೊಡ್ತೀನಿ."

ಅವಳು ಜೋರು ಮಾಡಲಿಲ್ಲ, ಅಳಲೂ ಇಲ್ಲ. ಅಂಗಡಿಯಲ್ಲಿ ಬೆಲೆ ಹೇಳುವವರ ಹಾಗೆ ಹೇಳಿದಳು. ಅವನ ತುಟಿ ಅಲುಗಾಡಿತು. ಇಡೀ ಊರಿಗೆ, ಎದುರುಮನೆಯ ಲೂಡೀನ್‌ಗೆ, ಸತ್ತ ಅಮ್ಮನಿಗೆ ಧಾರಾಳವಾಗಿ ಸಿಕ್ಕ ಆ ಪದ ಎಷ್ಟು ಹೊತ್ತಾದರೂ ಹೊರಗೆ ಬರಲಿಲ್ಲ. ಹಸಿವಿಗಿಂತ ಅದೇ ಅವನಿಗೆ ದೊಡ್ಡದಾಯಿತು. ಕೊನೆಗೆ ಅವನು ಬಾಯಿ ಬಿಗಿದು ಗೋಡೆಯ ಕಡೆ ಹೊರಳಿದ.

ಆರ್ವೆಲ್ಲಾ ತಟ್ಟೆ ಮುಗಿಸಿದಳು. "ಅತ್ತಿಗೆ, ಓವನ್ನಲ್ಲಿ ಇನ್ನೂ ಇದೆ. ನಿಮಗೂ ಹಾಕ್ಲಾ?"

"ಹಾಕು" ಅಂದೆ.

ಅವಳು ಬಡಿಸಿಕೊಂಡು ತಂದಳು. ಈರುಳ್ಳಿ ಬೆಣ್ಣೆಯಲ್ಲಿ ಕರಗಿಹೋಗಿತ್ತು, ಆಲೂಗಡ್ಡೆ ಎಳೆ ಎಳೆಯಾಗಿ ನಿಂತಿತ್ತು. ನಾವಿಬ್ಬರೂ ಅವನ ಮಂಚದ ಪಕ್ಕದಲ್ಲೇ ಕೂತು ಹೊಟ್ಟೆ ತುಂಬ ಉಂಡೆವು.